ಬೆಟ್ಟವನ್ನೇ ಹಾಡುವವರು



ನಾರ್ವೆಯ ಉತ್ತರ ತುದಿಯ ಫಿನ್‌ಮಾರ್ಕ್ ಸೀಮೆಯಲ್ಲಿ ಹಿಮಸಾರಂಗಗಳನ್ನು ಸಾಕುವ ಸಾಮಿ ಜನರಿದ್ದಾರೆ. ಅವರ ಹಾಡಿಗೆ ಯೋಯ್ಕ್ ಎಂದು ಹೆಸರು. ಬೆಟ್ಟವನ್ನು ಕುರಿತು ಹಾಡುತ್ತೇವೆ ಎಂದು ಅವರು ಹೇಳುವುದಿಲ್ಲ. ಬೆಟ್ಟವನ್ನೇ ಹಾಡುತ್ತೇವೆ ಎನ್ನುತ್ತಾರೆ. ಧರ್ಮಪ್ರಚಾರಕರು ಇದನ್ನು ಸೈತಾನನ ಹಾಡೆಂದರು. ಶಾಲೆಗಳು ಸಾಮಿ ಭಾಷೆಯನ್ನೇ ಹೊರಗಿಟ್ಟವು.

1956ರಲ್ಲಿ ಇದೇ ಸೀಮೆಯಲ್ಲಿ ಜನಿಸಿದ ಮಾರಿ ಬೊಯ್ನೆ ಅವರ ಮನೆಯಲ್ಲಿಯೂ ಯೋಯ್ಕ್ ಪಾಪವಾಗಿತ್ತು. ಕ್ರೈಸ್ತ ಕೀರ್ತನೆಗಳಿಗಷ್ಟೇ ಅಲ್ಲಿ ಎಡೆ. ತಮ್ಮ ಭಾಷೆ ಕೀಳೆಂಬ ಅಳುಕಿನಲ್ಲಿ ಬೆಳೆದ ಅವರನ್ನು ಎಚ್ಚರಿಸಿದ್ದು ಆಲ್ಟಾ ನದಿಯ ಹೋರಾಟ. ಆ ನದಿಯ ಅಣೆಕಟ್ಟನ್ನು ವಿರೋಧಿಸಿ 1979ರಲ್ಲಿ ಸಾಮಿ ತರುಣರು ಓಸ್ಲೋದ ಸಂಸತ್ತಿನೆದುರು ಉಪವಾಸ ಕುಳಿತರು. 1981ರಲ್ಲಿ ಸುಮಾರು 600 ಪೊಲೀಸರು ನದೀತೀರದ ಸತ್ಯಾಗ್ರಹಿಗಳನ್ನು ಹೊತ್ತೊಯ್ದರು. 1987ರಲ್ಲಿ ಅಣೆಕಟ್ಟು ಪೂರ್ಣಗೊಂಡಿತು. ಹೊಳೆಯನ್ನು ಕಳೆದುಕೊಂಡ ಜನ ದನಿಯನ್ನು ಪಡೆದರು: 1989ರಲ್ಲಿ ಸಾಮಿಗಳ ಸ್ವಂತ ಸಂಸತ್ತು ಆರಂಭವಾಯಿತು.

ಅದೇ ವರ್ಷ ಬೊಯ್ನೆ ಅವರ ‘ಗುಲಾ ಗುಲಾ’ ಧ್ವನಿಮುದ್ರಿಕೆ ಹೊರಬಂತು. ಪೂರ್ವಜರ ದನಿಗೆ ಕಿವಿಗೊಡಿ ಎಂಬುದೇ ಅದರ ಕರೆ. ಯೋಯ್ಕ್‌ನ ಲಯಕ್ಕೆ ಚರ್ಮವಾದ್ಯ, ಗಿಟಾರ್, ಜಾಝ್, ರಾಕ್‌ಗಳನ್ನು ಅವರು ಬೆಸೆದರು. ಬಾಲ್ಯದಲ್ಲಿ ಪಾಪವೆನಿಸಿದ್ದ ಹಾಡು ಲೋಕವನ್ನು ಸುತ್ತಿತು. ಆದರೆ 1994ರ ಲಿಲ್ಲೆಹ್ಯಾಮರ್ ಚಳಿಗಾಲದ ಒಲಿಂಪಿಕ್ಸ್ ಉದ್ಘಾಟನೆಯಲ್ಲಿ ಹಾಡುವ ಆಹ್ವಾನವನ್ನು ಅವರು ನಿರಾಕರಿಸಿದರು. ಸಾಮಿಗಳನ್ನು ಅಲಂಕಾರಕ್ಕಾಗಿ ಕರೆಯಲಾಗುತ್ತಿದೆ ಎಂಬುದು ಅವರ ಆಕ್ಷೇಪವಾಗಿತ್ತು.

ಆ ನಿರಾಕರಣೆಯೂ ಅವರ ಹಾಡಿನ ಭಾಗವೆಂದೇ ನಾನು ತಿಳಿಯುತ್ತೇನೆ. ಜನಪದರ ಹಾಡನ್ನು ವೇದಿಕೆಗೆ ಕರೆಯುವವರು, ಅದು ಹುಟ್ಟಿದ ಹೊಳೆಯ ಗತಿ ಏನಾಯಿತೆಂದೂ ವಿಚಾರಿಸಬೇಕಲ್ಲವೇ?