ಕೋರ್ಟ್ ಮೆಟ್ಟಿಲೇರಿದ ಉತ್ತರ ಪತ್ರಿಕೆ

ಫಲಿತಾಂಶ ಬಂದ ದಿನ ಬಹಳ ಮನೆಗಳಲ್ಲಿ ಒಂದು ಮಾತು ಕೇಳಿಬರುತ್ತದೆ: 'ಇದಕ್ಕಿಂತ ಚೆನ್ನಾಗಿ ಬರೆದಿದ್ದೆ.' ಹಿರಿಯರು ನಂಬುವುದಿಲ್ಲ. ನಂಬಿದರೂ, ಹಾಗೆಂದು ತೋರಿಸುವುದು ಹೇಗೆ? ಬರೆದದ್ದು ಮಂಡಳಿಯ ಕಪಾಟಿನಲ್ಲಿದೆ. ಆ ಕಪಾಟಿನ ಬಾಗಿಲು ತೆರೆಯಲು ನಮ್ಮ ದೇಶದ ವಿದ್ಯಾರ್ಥಿಗಳಿಗೆ ಸುಮಾರು ಮೂರು ದಶಕ ಹಿಡಿಯಿತು.

ಮಹಾರಾಷ್ಟ್ರದ ಪರೀಕ್ಷಾ ಮಂಡಳಿಗಳ 1977ರ ನಿಯಮಾವಳಿ ವಿದ್ಯಾರ್ಥಿಗೆ ಕೊಟ್ಟಿದ್ದ ಅವಕಾಶ ತೀರಾ ಸಣ್ಣದು. ಶುಲ್ಕ ಕಟ್ಟಿದರೆ, ಎಲ್ಲ ಉತ್ತರಗಳಿಗೂ ಅಂಕ ಬಿದ್ದಿದೆಯೇ, ಕೂಡಿದ್ದು ಸರಿಯಿದೆಯೇ ಎಂದು ಮಂಡಳಿಯವರೇ ನೋಡಿ ಹೇಳುತ್ತಿದ್ದರು. ಪತ್ರಿಕೆಯನ್ನು ತೋರಿಸುವಂತಿಲ್ಲ, ಮರುಮೌಲ್ಯಮಾಪನವಂತೂ ಇಲ್ಲವೇ ಇಲ್ಲ. ತಪ್ಪು ಮಾಡಬಹುದಾದವರೂ ಅವರೇ, ತಪ್ಪಾಗಿಲ್ಲವೆಂದು ಹೇಳುವವರೂ ಅವರೇ! ವಿದ್ಯಾರ್ಥಿಗಳು ಬೊಂಬಾಯಿ ಹೈಕೋರ್ಟಿಗೆ ಹೋಗಿ ಗೆದ್ದರು. ಆದರೆ 1984ರಲ್ಲಿ ಸುಪ್ರೀಂ ಕೋರ್ಟ್ ಆ ತೀರ್ಪನ್ನು ತಳ್ಳಿಹಾಕಿತು. ಲಕ್ಷಗಟ್ಟಲೆ ಪತ್ರಿಕೆಗಳನ್ನು ಮತ್ತೆ ಮತ್ತೆ ಬಿಚ್ಚುತ್ತ ಕುಳಿತರೆ ಫಲಿತಾಂಶಕ್ಕೆ ಕೊನೆಯೆಂಬುದೇ ಇರುವುದಿಲ್ಲ, ಶಿಕ್ಷಣ ತಜ್ಞರ ಕೆಲಸದಲ್ಲಿ ನ್ಯಾಯಾಧೀಶರು ಕೈಹಾಕಬಾರದು ಎಂಬುದು ಅದರ ವಾದದ ಸಾರ. ಮೊದಲ ಮಾತಿನಲ್ಲಿ ಹುರುಳಿತ್ತು. ಆದರೆ ಪತ್ರಿಕೆಯನ್ನು ಒಮ್ಮೆ ತೋರಿಸುವುದು ಬೇರೆ, ಮತ್ತೆ ತಿದ್ದುವುದು ಬೇರೆ.

ವಿಚಿತ್ರವೆಂದರೆ, ಅದಕ್ಕೆ ಒಂದು ವರ್ಷ ಮುಂಚೆ, 1983ರಲ್ಲಿ, ಇದೇ ಸುಪ್ರೀಂ ಕೋರ್ಟ್ ವಿದ್ಯಾರ್ಥಿಗಳ ಕೈಹಿಡಿದಿತ್ತು. ಉತ್ತರ ಪ್ರದೇಶದ ವೈದ್ಯಕೀಯ ಪ್ರವೇಶ ಪರೀಕ್ಷೆ ನಡೆಸಿದ್ದ ಕಾನ್ಪುರ ವಿಶ್ವವಿದ್ಯಾಲಯ ಕೀ ಉತ್ತರಗಳನ್ನು ತಾನೇ ಪ್ರಕಟಿಸಿತ್ತು. ಅವುಗಳಲ್ಲಿ ಕೆಲವು ತಪ್ಪೆಂದು ವಿದ್ಯಾರ್ಥಿಗಳು ಪಠ್ಯಪುಸ್ತಕಗಳನ್ನೇ ಮುಂದಿಟ್ಟು ತೋರಿಸಿದರು. ಕೀ ಉತ್ತರ ಸರಿಯೆಂದೇ ಭಾವಿಸಬೇಕು, ಆದರೆ ತಪ್ಪೆಂಬುದು ಕಣ್ಣಿಗೆ ಕಟ್ಟುವಂತಿದ್ದರೆ ಸರಿಯಾಗಿ ಬರೆದವನಿಗೆ ಶಿಕ್ಷೆ ಕೂಡದು ಎಂದು ಕೋರ್ಟ್ ಹೇಳಿತು. ಕಾನ್ಪುರದ ಪ್ರಕರಣದಲ್ಲಿ ತಪ್ಪು ತೋರಿಸಲು ಕೈಯಲ್ಲಿ ಏನಾದರೂ ಇತ್ತು. ಮಹಾರಾಷ್ಟ್ರದ ಹುಡುಗರ ಬಳಿ ಅಂಕಪಟ್ಟಿ ಬಿಟ್ಟರೆ ಬೇರೇನೂ ಇರಲಿಲ್ಲ.

ಬೀಗ ತೆಗೆದದ್ದು 2005ರ ಮಾಹಿತಿ ಹಕ್ಕು ಕಾಯ್ದೆ. ತಿದ್ದಿದ ಉತ್ತರ ಪತ್ರಿಕೆಯೂ 'ಮಾಹಿತಿ'ಯೇ, ಅದನ್ನು ನೋಡುವ, ಪ್ರತಿ ಪಡೆಯುವ ಹಕ್ಕು ಬರೆದವನಿಗಿದೆ ಎಂದು ಸುಪ್ರೀಂ ಕೋರ್ಟ್ 2011ರ ಆಗಸ್ಟ್‌ನಲ್ಲಿ ಸಿಬಿಎಸ್‌ಇ ಪ್ರಕರಣದಲ್ಲಿ ತೀರ್ಮಾನಿಸಿತು. ತೀರ್ಪು ಬರೆದವರು ಹಿಂದೆ ಕರ್ನಾಟಕ ಹೈಕೋರ್ಟಿನಲ್ಲಿದ್ದ ನ್ಯಾಯಮೂರ್ತಿ ಆರ್.ವಿ. ರವೀಂದ್ರನ್. ಪರೀಕ್ಷಕರ ಹೆಸರು ಮಾತ್ರ ಮರೆಯಲ್ಲಿರಬೇಕು. ನಿಯಮದಲ್ಲಿ ಇಲ್ಲದ ಮರುಮೌಲ್ಯಮಾಪನ ಇದರಿಂದ ದಕ್ಕುವುದಿಲ್ಲ. ಕೇಂದ್ರ ಲೋಕಸೇವಾ ಆಯೋಗದ ಪರೀಕ್ಷೆಗಳ ವಿಷಯದಲ್ಲಂತೂ 2018ರಲ್ಲಿ ಕೋರ್ಟ್ ಇಷ್ಟು ಉದಾರವಾಗಲಿಲ್ಲ. ಕರ್ನಾಟಕದಲ್ಲಿ ಪಿಯುಸಿ ವಿದ್ಯಾರ್ಥಿ ಮೊದಲು ಪತ್ರಿಕೆಯ ಪ್ರತಿ ತರಿಸಿಕೊಂಡು, ಓದಿ ನೋಡಿ, ಆಮೇಲೆ ಮರುಮೌಲ್ಯಮಾಪನಕ್ಕೆ ಅರ್ಜಿ ಹಾಕುವ ಪದ್ಧತಿಯಿದೆ. ಎಷ್ಟೋ ಜಗಳ ಕೋರ್ಟಿನವರೆಗೆ ಹೋಗದೆ ಅಲ್ಲಿಯೇ ಮುಗಿಯಲು ಇದರಿಂದ ದಾರಿಯಿದೆ.

ಹಾಗೂ ಕೋರ್ಟಿಗೆ ಹೋಗುವವರು ಒಂದು ವಿಷಯ ತಿಳಿದಿರಬೇಕು. 'ಎಂಟು ಅಂಕ ಕೊಡಬೇಕಿತ್ತು, ಆರು ಕೊಟ್ಟರು' ಎಂಬ ದೂರನ್ನು ನ್ಯಾಯಾಧೀಶರು ಕೇಳುವುದಿಲ್ಲ. ಉತ್ತರ ಪ್ರದೇಶದ ಶಿಕ್ಷಕರ ನೇಮಕಾತಿಯ ಮೊಕದ್ದಮೆಯಲ್ಲಿ 2017ರಲ್ಲಿ ಸುಪ್ರೀಂ ಕೋರ್ಟ್ ಇದನ್ನು ಬಿಡಿಸಿ ಹೇಳಿದೆ: ಪತ್ರಿಕೆ ತಿದ್ದುವುದು ಕೋರ್ಟಿನ ಕೆಲಸವಲ್ಲ, ಸಂದೇಹ ಬಂದರೆ ಅದರ ಲಾಭ ಪರೀಕ್ಷೆ ನಡೆಸಿದವರಿಗೇ, ಅನುಕಂಪಕ್ಕೆ ಇಲ್ಲಿ ಸ್ಥಾನವಿಲ್ಲ. ಆ ನೇಮಕಾತಿಗೆ ಅರ್ಜಿ ಕರೆದದ್ದು 2009ರಲ್ಲಿ. ತೀರ್ಪು ಬರುವ ಹೊತ್ತಿಗೆ ಎಂಟು ವರ್ಷ ಕಳೆದಿತ್ತು.

ಕಾಲೇಜು ಸೀಟಿಗಾಗಿ ಕಾದಿರುವ ಹುಡುಗಿಗೆ ಎಂಟು ವಾರವೂ ದೀರ್ಘವೇ. ಮೇಲಾಗಿ ಮಂಡಳಿಗಳು ಉತ್ತರ ಪತ್ರಿಕೆಗಳನ್ನು ಇಟ್ಟುಕೊಳ್ಳುವುದೇ ನಿಯಮದಲ್ಲಿ ಗೊತ್ತುಮಾಡಿದ ಕೆಲವು ತಿಂಗಳು. ಅಷ್ಟರೊಳಗೆ ಕೇಳದಿದ್ದರೆ ಹಕ್ಕು ಇದ್ದೂ ನೋಡಲು ಪತ್ರಿಕೆ ಇರುವುದಿಲ್ಲ.