ತ್ರಿಪುರಸಂಹಾರದ ಅಂತರಾರ್ಥ



ಪುರಾಣಶ್ರವಣಕ್ಕೆ ಕುಳಿತ ಭಕ್ತನು ದೇವಾಸುರರ ಯುದ್ಧವೃತ್ತಾಂತವನ್ನು ಕೇಳುವಾಗ ತನ್ನನ್ನು ಯಾವ ಪಕ್ಷದಲ್ಲಿ ಎಣಿಸಿಕೊಳ್ಳುವನು? ದೇವತೆಗಳ ಪಕ್ಷದಲ್ಲಿಯೇ ಎಂಬುದರಲ್ಲಿ ಸಂದೇಹವಿಲ್ಲ. ಅಸುರರೆಂದರೆ ಕೋರೆದಾಡೆಯುಳ್ಳ ಅನ್ಯರು, ಎಲ್ಲಿಯೋ ಪಾತಾಳದಲ್ಲಿ ಇದ್ದವರು, ಎಂದೋ ಸತ್ತುಹೋದವರು ಎಂದು ಆತನು ನೆಮ್ಮದಿಯಿಂದಿರುವನು. ಹೀಗೆ ಕೇಳಿದ ಪುರಾಣವು ಕಿವಿಗೆ ಇಂಪಾದೀತೇ ಹೊರತು ಬಾಳಿಗೆ ಹಿತವಾಗಲಾರದು. ಪುರಾತನರ ಅಭಿಪ್ರಾಯವು ಇದಕ್ಕಿಂತ ಬೇರೆಯಾದುದು. ತ್ರಿಪುರಸಂಹಾರದ ಕಥೆಯೊಂದನ್ನೇ ಆಧಾರವಾಗಿಟ್ಟುಕೊಂಡು ಆ ಅಭಿಪ್ರಾಯವನ್ನು ವಿಚಾರಿಸುವುದೇ ಈ ಉಪನ್ಯಾಸದ ಉದ್ದೇಶವಾಗಿದೆ.

ಮೊದಲು ‘ಅಸುರ’ ಎಂಬ ಶಬ್ದವನ್ನೇ ನೋಡತಕ್ಕದ್ದು. ‘ಅಸು’ವೆಂದರೆ ಪ್ರಾಣ, ಅಸುರನೆಂದರೆ ಪ್ರಾಣಬಲವುಳ್ಳವನು, ಒಡೆಯನು. ಋಗ್ವೇದದಲ್ಲಿ ವರುಣ, ಅಗ್ನಿ, ಇಂದ್ರರಿಗೆ ಈ ಹೆಸರು ಗೌರವಾರ್ಥವಾಗಿ ಸಂದಿದೆ; ರುದ್ರನನ್ನು ಕೂಡ ಋಷಿಗಳು ಅಸುರನೆಂದು ಸ್ತುತಿಸಿರುವರು. ಪಾರಸಿಕರ ಅವೆಸ್ತಾ ಗ್ರಂಥದಲ್ಲಿ ಪರಮೇಶ್ವರನಿಗೆ ‘ಅಹುರ’ ಎಂಬ ಹೆಸರುಂಟು. ‘ದೇವ’ ಎಂಬುದಕ್ಕೆ ಸಮನಾದ ಶಬ್ದವು ಅಲ್ಲಿ ದುಷ್ಟಶಕ್ತಿಗಳಿಗೆ ಸಲ್ಲುತ್ತದೆ. ಕಾಲಾಂತರದಲ್ಲಿ ಈ ದೇಶದಲ್ಲಿ ಅಸುರಶಬ್ದವು ದೇವವಿರೋಧಿಗಳಿಗೆ ರೂಢವಾಯಿತು. ಒಂದು ಜನಾಂಗಕ್ಕೆ ಪೂಜ್ಯವಾದ ಹೆಸರು ಇನ್ನೊಂದಕ್ಕೆ ನಿಂದ್ಯವಾಗುವುದೆಂದ ಮೇಲೆ, ಹೆಸರಿನಿಂದಲೇ ಯಾವನನ್ನೂ ಅಸುರನೆಂದು ತೀರ್ಮಾನಿಸಲಾಗದು.

ಜನ್ಮದಿಂದ ತೀರ್ಮಾನಿಸಬಹುದೋ ಎಂದರೆ ಅದೂ ಆಗದು. ದೇವತೆಗಳಿಗೂ ದೈತ್ಯರಿಗೂ ಕಶ್ಯಪನೊಬ್ಬನೇ ತಂದೆ; ಅದಿತಿಯ ಮಕ್ಕಳು ಆದಿತ್ಯರು, ದಿತಿಯ ಮಕ್ಕಳು ದೈತ್ಯರು. ರಾವಣನ ಪಿತಾಮಹನಾದ ಪುಲಸ್ತ್ಯನು ಬ್ರಹ್ಮರ್ಷಿ. ಹಿರಣ್ಯಕಶಿಪುವಿನ ಮಗನಾದ ಪ್ರಹ್ಲಾದನು ಭಕ್ತಶಿರೋಮಣಿ. ಬೃಹದಾರಣ್ಯಕೋಪನಿಷತ್ತಿನ ಐದನೆಯ ಅಧ್ಯಾಯದಲ್ಲಿ ಒಂದು ಚಿಕ್ಕ ಆಖ್ಯಾಯಿಕೆಯುಂಟು. ದೇವ, ಮನುಷ್ಯ, ಅಸುರರೆಂಬ ಮೂವರು ಮಕ್ಕಳು ಪ್ರಜಾಪತಿಯ ಬಳಿಯಲ್ಲಿ ಬ್ರಹ್ಮಚರ್ಯವನ್ನು ನಡೆಸಿ ಉಪದೇಶವನ್ನು ಬೇಡಿದರು. ಪ್ರಜಾಪತಿಯು ಮೂವರಿಗೂ ‘ದ’ ಎಂಬ ಒಂದೇ ಅಕ್ಷರವನ್ನು ನುಡಿದನು. ದೇವತೆಗಳು ಅದನ್ನು ದಮವೆಂದೂ, ಮನುಷ್ಯರು ದಾನವೆಂದೂ, ಅಸುರರು ದಯೆಯೆಂದೂ ಅರಿತರು. ತಮ್ಮ ತಮ್ಮ ಕೊರತೆಯನ್ನು ತಾವೇ ಕಂಡುಕೊಂಡರು. ಶಂಕರಾಚಾರ್ಯರು ಇದಕ್ಕೆ ಭಾಷ್ಯವನ್ನು ಬರೆಯುವಾಗ, ಮನುಷ್ಯರಲ್ಲಿಯೇ ದಮವಿಲ್ಲದವರು ದೇವರು, ಲೋಭಿಗಳು ಮನುಷ್ಯರು, ಕ್ರೂರರು ಅಸುರರು ಎಂದು ವಿವರಿಸಬಹುದೆಂದು ಸೂಚಿಸಿರುವರು. ಇಲ್ಲಿ ಗಮನಿಸತಕ್ಕ ಸಂಗತಿ ಯಾವುದೆಂದರೆ, ದೇವತೆಗಳು ಕೂಡ ಕೊರತೆಯಿಲ್ಲದವರಲ್ಲ.

ಇನ್ನು ತ್ರಿಪುರದ ಕಥೆ. ಇದರ ಪ್ರಾಚೀನರೂಪವು ತೈತ್ತಿರೀಯ ಸಂಹಿತೆಯ ಆರನೆಯ ಕಾಂಡದಲ್ಲಿದೆ. ಅಸುರರಿಗೆ ಕಬ್ಬಿಣ, ಬೆಳ್ಳಿ, ಚಿನ್ನಗಳ ಮೂರು ಪುರಗಳಿದ್ದುವು. ದೇವತೆಗಳು ಅವುಗಳನ್ನು ಗೆಲ್ಲಲಾರದೆ ಅಗ್ನಿ, ಸೋಮ, ವಿಷ್ಣುಗಳಿಂದ ಒಂದು ಬಾಣವನ್ನು ರಚಿಸಿದರು. ಅದನ್ನು ಪ್ರಯೋಗಿಸಬಲ್ಲವನು ರುದ್ರನೊಬ್ಬನೇ ಆದನು. ಅದಕ್ಕೆ ಪ್ರತಿಯಾಗಿ ರುದ್ರನು ಪಶುಗಳ ಒಡೆತನವನ್ನು ವರವಾಗಿ ಪಡೆದನು. ಮಹಾಭಾರತದ ಕರ್ಣಪರ್ವದಲ್ಲಿ ದುರ್ಯೋಧನನು ಶಲ್ಯನಿಗೆ ಈ ಕಥೆಯನ್ನೇ ವಿಸ್ತಾರವಾಗಿ ಹೇಳುವನು. ತಾರಕನ ಮಕ್ಕಳಾದ ತಾರಕಾಕ್ಷ, ಕಮಲಾಕ್ಷ, ವಿದ್ಯುನ್ಮಾಲಿಗಳು ಉಗ್ರತಪಸ್ಸನ್ನು ಮಾಡಿ ಬ್ರಹ್ಮನಿಂದ ವರವನ್ನು ಪಡೆದರು. ಮಯನು ಸ್ವರ್ಗದಲ್ಲಿ ಚಿನ್ನದ ಪುರವನ್ನೂ, ಅಂತರಿಕ್ಷದಲ್ಲಿ ಬೆಳ್ಳಿಯ ಪುರವನ್ನೂ, ಭೂಮಿಯಲ್ಲಿ ಕಬ್ಬಿಣದ ಪುರವನ್ನೂ ನಿರ್ಮಿಸಿದನು. 1000 ವರ್ಷಗಳಿಗೊಮ್ಮೆ ಮೂರು ಪುರಗಳೂ ಒಂದಾಗುವುವು. ಆಗ ಒಂದೇ ಬಾಣದಿಂದ ಹೊಡೆಯಬಲ್ಲವನಿಂದ ಮಾತ್ರ ಅವುಗಳಿಗೆ ನಾಶ. ಅಷ್ಟೇ ಅಲ್ಲದೆ ಸತ್ತ ಅಸುರರನ್ನು ಮುಳುಗಿಸಿದರೆ ಮೊದಲಿನಂತೆಯೇ ಎದ್ದುಬರುವ ಒಂದು ಕೊಳವೂ ಅಲ್ಲಿತ್ತು.

ಈ ಅಸುರರು ನಾಸ್ತಿಕರಾಗಿದ್ದರೇ? ಇಲ್ಲ. ಅವರ ತಪಸ್ಸು ನಿಜವಾದುದು, ಸಂಯಮವು ಅಸಾಧಾರಣವಾದುದು. ಶಿವಪುರಾಣದ ಪ್ರಕಾರ ಅವರು ಲಿಂಗಪೂಜಾನಿಷ್ಠರು. ಆ ನಿಷ್ಠೆಯಿರುವವರೆಗೆ ದೇವತೆಗಳು ಅವರನ್ನು ಮುಟ್ಟಲಾರದೆ ಹೋದರು. ಮಾಯಾಗುರುವೊಬ್ಬನು ಹೋಗಿ ಅವರನ್ನು ದಾರಿತಪ್ಪಿಸಿದನೆಂದು ಆ ಪುರಾಣವು ಹೇಳುತ್ತದೆ. ಪರಮತದವರನ್ನು ಹಳಿಯುವುದಕ್ಕೆ ಈ ಭಾಗವನ್ನು ಬಳಸಿದವರುಂಟು, ಅದು ಉಚಿತವಲ್ಲ. ಮಹಾಭಾರತವಾದರೋ ಅಂತಹ ಗುರುವನ್ನೇ ತರದೆ, ಲೋಭಮೋಹಗಳಿಂದ ಅವರು ಬುದ್ಧಿಗೆಟ್ಟು ಆಶ್ರಮಗಳನ್ನೂ ಊರುಗಳನ್ನೂ ಹಾಳುಮಾಡಿದರೆಂದು ನೇರವಾಗಿ ತಿಳಿಸುತ್ತದೆ. ತಪಸ್ಸಿನಿಂದ ಶಕ್ತಿ ಬಂದಿತು. ಶಕ್ತಿಯೊಡನೆ ದಯೆ ಬರಲಿಲ್ಲ. ಅಸುರತ್ವದ ಲಕ್ಷಣವೇ ಇದು. ಪೂಜೆಯಿಲ್ಲದಿರುವುದು ಅಸುರತ್ವವಲ್ಲ, ಪೂಜೆಯಿಂದ ಬಂದುದನ್ನು ತನ್ನದೆಂದು ತಿಳಿದು ಪರರನ್ನು ನೋಯಿಸುವುದೇ ಅಸುರತ್ವ.

ಇತ್ತ ದೇವತೆಗಳ ಸ್ಥಿತಿಯನ್ನು ನೋಡಿರಿ. ಶಿವನು ಮೊದಲು ತನ್ನ ತೇಜಸ್ಸಿನ ಅರ್ಧವನ್ನು ಅವರಿಗೆ ಕೊಡಲು ಒಪ್ಪಿದನು. ಅದನ್ನು ಧರಿಸುವ ಶಕ್ತಿ ಅವರಿಗಿರಲಿಲ್ಲ. ಕಡೆಗೆ ತಮ್ಮ ತಮ್ಮ ಬಲದ ಅರ್ಧವನ್ನು ಅವರೇ ಶಿವನಿಗೆ ಒಪ್ಪಿಸಬೇಕಾಯಿತು. ಶಿವಪುರಾಣ ಲಿಂಗಪುರಾಣಗಳು ಇನ್ನೂ ಒಂದು ಹೆಜ್ಜೆ ಮುಂದೆ ಹೋಗುವುವು: ತನಗೆ ಪಶುಗಳ ಒಡೆತನವನ್ನು ಕೊಟ್ಟರೆ ಮಾತ್ರ ಅಸುರರನ್ನು ಕೊಲ್ಲುವೆನೆಂದು ಶಿವನು ನುಡಿದಾಗ, ತಾವೇ ಪಶುಗಳಾಗಬೇಕಾಯಿತಲ್ಲಾ ಎಂದು ದೇವತೆಗಳು ಖಿನ್ನರಾದರು. ಪಶುತ್ವದಿಂದ ಬಿಡುಗಡೆಯ ವ್ರತವನ್ನು ಶಿವನೇ ತಿಳಿಸಿ ಅವರನ್ನು ಸಮಾಧಾನಪಡಿಸಿದನು. ಪಶುವೆಂದರೆ ಪಾಶದಿಂದ ಕಟ್ಟುವಡೆದ ಜೀವನು. ತಾನೂ ಬದ್ಧನೆಂಬುದನ್ನು ದೇವತೆಯು ಒಪ್ಪಿಕೊಳ್ಳುವವರೆಗೆ ಬಾಣವು ಬಿಲ್ಲನ್ನು ಏರಲಿಲ್ಲ. ಕಥೆಯ ಜೀವಾಳವು ಇಲ್ಲಿಯೇ ಇದೆ. ಪೃಥ್ವಿಯೇ ರಥವಾಗಿ, ಸೂರ್ಯಚಂದ್ರರೇ ಚಕ್ರಗಳಾಗಿ, ಬ್ರಹ್ಮನೇ ಸಾರಥಿಯಾದರೂ ಅಹಂಕಾರವಳಿಯದೆ ಜಯವಿಲ್ಲ.

ಹಾಗಾದರೆ ಆ ಮೂರು ಪುರಗಳು ಎಲ್ಲಿವೆ? ತಮಿಳುನಾಡಿನ ತಿರುಮೂಲರು ‘ತಿರುಮಂದಿರ’ದಲ್ಲಿ, ತ್ರಿಪುರವೆಂದರೆ ಮಲತ್ರಯದ ಕಾರ್ಯವೇ ಎಂದು ಬಗೆದು, ಬರಿಯ ಊರುಗಳೆಂದು ಹೇಳುವವರನ್ನು ಅರಿಯದವರೆಂದು ಕರೆದಿರುವರು. ವೀರಶೈವ ಸಿದ್ಧಾಂತಕ್ಕೂ ಇದು ಒಪ್ಪುವುದಾಗಿದೆ. ಆಣವ, ಮಾಯೀಯ, ಕಾರ್ಮಿಕವೆಂದು ಮಲಗಳು ಮೂರು. ಕಾರಣ, ಸೂಕ್ಷ್ಮ, ಸ್ಥೂಲವೆಂದು ತನುಗಳು ಮೂರು. ಶ್ರೀಗುರುವು ವೇಧಾದೀಕ್ಷೆಯಿಂದ ಆಣವವನ್ನೂ, ಮಂತ್ರದೀಕ್ಷೆಯಿಂದ ಮಾಯೀಯವನ್ನೂ, ಕ್ರಿಯಾದೀಕ್ಷೆಯಿಂದ ಕಾರ್ಮಿಕವನ್ನೂ ಕಳೆದು ತನುತ್ರಯದಲ್ಲಿ ಭಾವಲಿಂಗ, ಪ್ರಾಣಲಿಂಗ, ಇಷ್ಟಲಿಂಗಗಳನ್ನು ನೆಲೆಗೊಳಿಸುವನು. ಭೂಮಿಯ ಮೇಲಿನ ಕಬ್ಬಿಣದ ಪುರವನ್ನು ಕೈಯಿಂದ ಮಾಡುವ ದುಷ್ಕರ್ಮವೆಂದೂ, ನಡುವಣ ಬೆಳ್ಳಿಯ ಪುರವನ್ನು ‘ನನ್ನದು, ಪರರದು’ ಎಂಬ ಭೇದಬುದ್ಧಿಯೆಂದೂ, ಮೇಲಣ ಚಿನ್ನದ ಪುರವನ್ನು ‘ನಾನು’ ಎಂಬ ಹೆಮ್ಮೆಯೆಂದೂ ತಿಳಿಯಬಹುದು. ಕಬ್ಬಿಣದ ಕುರೂಪವು ಎಲ್ಲರಿಗೂ ಕಾಣುವುದು. ಚಿನ್ನದ ಹೊಳಪಿನಲ್ಲಿ ಅಸುರನು ಅಡಗಿರುವುದು ಯಾರಿಗೂ ಕಾಣದು.

ಒಂದನ್ನೇ ಹೊಡೆದರೆ ಫಲವಿಲ್ಲವೆಂಬ ನಿಯಮದ ಮರ್ಮವೂ ಇದರಿಂದ ತಿಳಿಯುವುದು. ಒಬ್ಬನು ತಕ್ಕಡಿಯಲ್ಲಿ ಮೋಸಮಾಡುವುದನ್ನು ಬಿಟ್ಟನು. ಆದರೆ ತಾನು ಮೋಸಮಾಡದವನೆಂಬ ಗರ್ವದಿಂದ ನೆರೆಯವನನ್ನು ಹೀನಾಯವಾಗಿ ಕಂಡನು. ಕಬ್ಬಿಣದ ಪುರವು ಬಿದ್ದಿತು, ಚಿನ್ನದ ಪುರವು ಉಳಿಯಿತು. ಇನ್ನೊಬ್ಬನು ದಾಸೋಹಕ್ಕೆ ಚೀಲಗಟ್ಟಲೆ ಧಾನ್ಯವನ್ನು ಕಳುಹಿಸಿದನು. ಹೊಲದಲ್ಲಿ ದುಡಿದ ಆಳಿನ ಕೂಲಿಯನ್ನು ತಡೆಹಿಡಿದನು. ದಾನವು ಶಿವನಿಗೆ ಸಂದಿತೆಂದು ಆತನು ನಂಬಿರುವನು, ಸಂದದ್ದು ತಾರಕಾಕ್ಷನಿಗೆ. ಒಮ್ಮೆ ಗೆದ್ದ ದೋಷವು ಮತ್ತೆ ತಲೆಯೆತ್ತುವುದಕ್ಕೆ ಆ ಕೊಳವೇ ಸಾಕ್ಷಿ. ವಾಸನೆಯ ನೀರು ಬತ್ತದಿದ್ದರೆ ಕೊಂದ ಕ್ರೋಧವು ನಾಳೆಯೇ ಎದ್ದು ಬರುವುದು. ಆದುದರಿಂದ ಕ್ರಿಯೆ, ಬುದ್ಧಿ, ಭಾವಗಳನ್ನು ಒಂದೇ ಸಾಲಿಗೆ ತಂದು ಒಂದೇ ಶಿವಜ್ಞಾನದ ಬಾಣಕ್ಕೆ ಗುರಿಮಾಡಬೇಕು.

ಈ ಅರ್ಥವನ್ನು ಮರೆತುದರಿಂದ ಲೋಕಕ್ಕೆ ಒದಗಿದ ಹಾನಿಯು ಅಲ್ಪವಲ್ಲ. ಬಣ್ಣ, ಕುಲ, ಆಹಾರ, ಭಾಷೆಗಳು ಬೇರೆಯಾದವರನ್ನು ರಾಕ್ಷಸರೆಂದು ಕರೆದು, ಅವರನ್ನು ಹಿಂಸಿಸುವುದು ಧರ್ಮಯುದ್ಧವೆಂದು ಭಾವಿಸಿದವರುಂಟು. ಅಸುರನು ಹೊರಗಿರುವನೆಂದು ನಂಬಿದವನಿಗೆ ತನ್ನ ಕೈಯಲ್ಲಿರುವ ಕತ್ತಿಯು ಕಾಣುವುದಿಲ್ಲ. ಹನ್ನೆರಡನೆಯ ಶತಮಾನದಲ್ಲಿ ಬಸವಣ್ಣನವರು ದೇವಲೋಕ ಮರ್ತ್ಯಲೋಕಗಳ ಭೇದವನ್ನು ನುಡಿಯ ಸತ್ಯಾಸತ್ಯಗಳಲ್ಲಿಯೂ, ಸ್ವರ್ಗನರಕಗಳ ಭೇದವನ್ನು ಆಚಾರ ಅನಾಚಾರಗಳಲ್ಲಿಯೂ ತೋರಿಸಿಕೊಟ್ಟರು. ದೇವನೂ ಅಸುರನೂ ಒಂದೇ ಮನೆಯಲ್ಲಿ, ಒಂದೇ ಎದೆಯಲ್ಲಿ ವಾಸಿಸುವರೆಂಬುದನ್ನು ಇದಕ್ಕಿಂತ ಸ್ಪಷ್ಟವಾಗಿ ತಿಳಿಸುವ ಮಾರ್ಗವುಂಟೇ?

ಕನ್ನಡನಾಡಿನ ಪೂರ್ವಿಕರಿಗೆ ಈ ಕಥೆಯು ಅತ್ಯಂತ ಪ್ರಿಯವಾಗಿತ್ತು. ಎಂಟನೆಯ ಶತಮಾನದಲ್ಲಿ ರಾಷ್ಟ್ರಕೂಟ ಒಂದನೆಯ ಕೃಷ್ಣನ ಕಾಲದಲ್ಲಿ ಕೊರೆದ ಎಲ್ಲೋರದ ಕೈಲಾಸದಲ್ಲಿ ತ್ರಿಪುರಾಂತಕನ ಶಿಲ್ಪವಿದೆ. ಬಳ್ಳಿಗಾವೆಯಲ್ಲಿ ಹನ್ನೊಂದನೆಯ ಶತಮಾನದ ತ್ರಿಪುರಾಂತಕೇಶ್ವರ ದೇವಾಲಯವು ಇಂದಿಗೂ ನಿಂತಿದೆ. ಕಾರ್ತಿಕ ಹುಣ್ಣಿಮೆಯನ್ನು ತ್ರಿಪುರದಹನದ ದಿನವೆಂದು ಎಣಿಸಿ ಭಕ್ತರು ಸಾಲುದೀಪಗಳನ್ನು ಹಚ್ಚುವರು. ಆ ದೀಪವನ್ನು ಹಚ್ಚುವ ಭಕ್ತನು ಒಂದು ಕ್ಷಣ ನಿಂತು, ತನ್ನ ಮೂರು ಪುರಗಳಲ್ಲಿ ಯಾವುದು ಇನ್ನೂ ಉರಿಯದೆ ಉಳಿದಿದೆಯೆಂದು ಕೇಳಿಕೊಳ್ಳಲಿ. ತಡೆದ ಕೂಲಿಯನ್ನು ಅಂದೇ ಸಲ್ಲಿಸಲಿ. ಮುರಿದ ಮಾತನ್ನು ಅಂದೇ ಕೂಡಿಸಲಿ. ಎಣ್ಣೆಬತ್ತಿಗಳ ದೀಪವು ಬೆಳಗಾಗುವುದರೊಳಗೆ ಆರುವುದು. ಈ ದೀಪಕ್ಕೆ ಆರುವಿಕೆಯಿಲ್ಲ. ಶ್ರೀಗುರುಕೃಪೆಯಿಂದ ಸರ್ವರಿಗೂ ಶುಭವಾಗಲಿ.