ಕೋಬೆ ನಡುಗಿದಾಗ ಲಂಡನ್ನಿನಲ್ಲಿ ಕುಸಿದದ್ದೇನು?



1995ರ ಜನವರಿ 17ರ ಬೆಳಗಿನ ಜಾವ ಜಪಾನಿನ ಕೋಬೆ ನಗರ ಸುಮಾರು 20 ಸೆಕೆಂಡು ಕಂಪಿಸಿತು. ಸತ್ತವರು 6,400ಕ್ಕೂ ಹೆಚ್ಚು. ನಷ್ಟ ಸುಮಾರು 10 ಲಕ್ಷ ಕೋಟಿ ಯೆನ್. ಕಥೆ ಅಲ್ಲಿಗೇ ಮುಗಿಯಲಿಲ್ಲ.

ಕೋಬೆ ಆಗ ಜಗತ್ತಿನ ದೊಡ್ಡ ಕಂಟೇನರ್ ಬಂದರುಗಳಲ್ಲೊಂದು. ಸಮುದ್ರವನ್ನು ತುಂಬಿಸಿ ಮಾಡಿದ ನೆಲ ಕಂಪನಕ್ಕೆ ಕೆಸರಿನಂತಾಯಿತು. ಹಡಗುಕಟ್ಟೆಗಳು ಕಡಲಿನತ್ತ ಜರುಗಿದವು. ಹಡಗುಗಳು ಕೊರಿಯಾದ ಬುಸಾನಿನಂಥ ಬಂದರುಗಳತ್ತ ತಿರುಗಿದವು. ಎರಡು ವರ್ಷಗಳಲ್ಲಿ ಬಂದರು ಮತ್ತೆ ಸಜ್ಜಾಯಿತು. ಆದರೆ ಕೈಬಿಟ್ಟ ವ್ಯಾಪಾರವೆಲ್ಲ ಮರಳಲಿಲ್ಲ.

ಇನ್ನು ಷೇರುಪೇಟೆ. ಜನವರಿ 23ರಂದು ಟೋಕಿಯೋದ ನಿಕ್ಕೈ ಸೂಚ್ಯಂಕ ಒಂದೇ ದಿನ 1,000ಕ್ಕೂ ಹೆಚ್ಚು ಅಂಶ ಇಳಿಯಿತು. ಅದು ಬೀಳುವುದಿಲ್ಲವೆಂದು ಪಣ ಕಟ್ಟಿದ್ದವನು ಬೇರಿಂಗ್ಸ್ ಬ್ಯಾಂಕಿನ ಸಿಂಗಪುರ ಕಚೇರಿಯ ನಿಕ್ ಲೀಸನ್. ನಷ್ಟ ತುಂಬಿಕೊಳ್ಳಲು ಅವನು ಪಣ ಹೆಚ್ಚಿಸುತ್ತಲೇ ಹೋದ. ಫೆಬ್ರವರಿ ಕೊನೆಗೆ, 1762ರಲ್ಲಿ ಸ್ಥಾಪನೆಯಾದ ಲಂಡನ್ನಿನ ಆ ಬ್ಯಾಂಕೇ ದಿವಾಳಿಯಾಯಿತು.

ಹಾಗೆಂದು ಭೂಕಂಪವೊಂದನ್ನೇ ದೂರಬೇಡಿ. ಲೀಸನ್ ಹಳೆಯ ನಷ್ಟಗಳನ್ನು ವರ್ಷಗಳಿಂದ ಮುಚ್ಚಿಟ್ಟಿದ್ದ; ಬ್ಯಾಂಕು ಸರಿಯಾಗಿ ತಪಾಸಣೆ ಮಾಡಿರಲಿಲ್ಲ. ಭೂಮಿ ನಡುಗಿದಾಗ ಮೊದಲು ಬೀಳುವುದು ಟೊಳ್ಳಾದದ್ದು. ಅದು ಗೋಡೆಯಾಗಿರಲಿ, ಲೆಕ್ಕದ ಪುಸ್ತಕವಾಗಿರಲಿ. ಮುಂದೆ ದೂರದ ನಗರವೊಂದರ ಪ್ರವಾಹದ ಸುದ್ದಿ ಓದಿದಾಗ, ಅಲ್ಲಿಂದ ಹೊರಡುವ ಸರಕು ಯಾವುದು, ಅದಕ್ಕಾಗಿ ಕಾಯುವವರು ಯಾರು ಎಂದು ನೀವೇ ವಿಚಾರಿಸಿ ನೋಡಿ.